ಕುಂಚ ಹಿಡಿದ ಕೈಯ ನಟ

ಕಿರ್ಗಿಜ್‌ಸ್ತಾನದ 5000 ಸೋಮ್ ನೋಟಿನ ಮೇಲೆ ಒಬ್ಬ ಸಿನಿಮಾ ನಟನ ಮುಖವಿದೆ. ಹೆಸರು ಸುಯ್ಮೆನ್‌ಕುಲ್ ಚೋಕ್ಮೊರೊವ್. ನೋಟು ತಿರುಗಿಸಿದರೆ ಹಿಂಬದಿಯಲ್ಲಿ ಬಿಷ್ಕೆಕ್ ನಗರದ ಅಲಾ-ಟೂ ಚಿತ್ರಮಂದಿರ. 2009ರಲ್ಲಿ ಹೊರಬಂದಾಗ ಆ ದೇಶದ ಅತಿ ದೊಡ್ಡ ಮುಖಬೆಲೆಯ ನೋಟು ಅದೇ ಆಗಿತ್ತು. ವೈದ್ಯಕೀಯ ಓದಲೆಂದು ಬಿಷ್ಕೆಕ್‌ಗೆ ಹೋದ ಕನ್ನಡದ ಹುಡುಗ ಹುಡುಗಿಯರ ಕೈಗೂ ಅದು ಬಂದಿರುತ್ತದೆ.

ಈ ನಟನ ಬಗ್ಗೆ ಇಬ್ಬರು ಮಾತಿಗೆ ಕೂತರು. ಒಬ್ಬರು ಸೋವಿಯತ್ ಕಾಲದ ಸಿನಿಮಾಗಳನ್ನು ಬಹಳ ವರ್ಷಗಳಿಂದ ನೋಡುತ್ತ, ಅವುಗಳ ಬಗ್ಗೆ ಬರೆಯುತ್ತ ಬಂದ ವಿಮರ್ಶಕರು. ಇನ್ನೊಬ್ಬರು ಭಾವಚಿತ್ರ ಬರೆಯುವ ಕಲಾವಿದೆ. ಚೋಕ್ಮೊರೊವ್ ಚಿತ್ರಗಳನ್ನು ಒಂದರ ಹಿಂದೊಂದು ನೋಡಿ ಮುಗಿಸಿದ್ದ ಆಕೆಗೆ ಹೇಳುವುದು ಬಹಳವಿತ್ತು.

“ಅವರನ್ನು ನಟ ಅನ್ನೋಣವೋ, ಚಿತ್ರಕಾರ ಅನ್ನೋಣವೋ? ಅದನ್ನು ಮೊದಲು ಇತ್ಯರ್ಥ ಮಾಡಿ,” ಎಂದರು ಕಲಾವಿದೆ.

“ಜಗತ್ತಿಗೆ ನಟ. ಆದರೆ ಓದಿದ್ದೆಲ್ಲ ಚಿತ್ರಕಲೆ,” ಎಂದು ವಿಮರ್ಶಕರು ಆರಂಭಿಸಿದರು. “ಹುಟ್ಟಿದ್ದು 1939ರ ನವೆಂಬರ್ 9ರಂದು, ಚೋನ್-ತಾಶ್ ಎಂಬ ಹಳ್ಳಿಯಲ್ಲಿ. ಇಂದಿನ ಬಿಷ್ಕೆಕ್ ಆಗ ಫ್ರುಂಜೆ. ಅಲ್ಲಿನ ಕಲಾಶಾಲೆ ಮುಗಿಸಿ 1958ರಲ್ಲಿ ಲೆನಿನ್‌ಗ್ರಾದಿಗೆ ಹೋದರು. ರೇಪಿನ್ ಹೆಸರಿನ ಸಂಸ್ಥೆಯಲ್ಲಿ 1964ರವರೆಗೆ ಕಲಿತರು. ವಾಪಸಾಗಿ ಫ್ರುಂಜೆಯಲ್ಲೇ ಹುಡುಗರಿಗೆ ಚಿತ್ರಕಲೆ ಹೇಳಿಕೊಡತೊಡಗಿದರು. ನಟನೆಯ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. 1968ರಲ್ಲಿ ಬೊಲೊತ್‌ಬೆಕ್ ಶಂಶಿಯೆವ್ ‘ಕರಾಶ್ ಕಣಿವೆಯ ಗುಂಡು’ ಚಿತ್ರ ಮಾಡಿದಾಗ ನಾಯಕನ ಪಾತ್ರಕ್ಕೆ ಈ ಮೇಷ್ಟ್ರನ್ನು ಕರೆದರು. ಮೊದಲ ಚಿತ್ರ, ಮೊದಲ ಪಾತ್ರ, ಅದೂ ಇಡೀ ಚಿತ್ರವನ್ನು ಹೊರಬೇಕಾದ ಪಾತ್ರ.”

“ಶಂಶಿಯೆವ್‌ಗೆ ಆ ಧೈರ್ಯ ಎಲ್ಲಿಂದ ಬಂತು?”

“ಆ ಸ್ಟುಡಿಯೋದ ವಾತಾವರಣವೇ ಹಾಗಿತ್ತು. ಕಿರ್ಗಿಜ್‌ಫಿಲ್ಮ್ 1942ರಲ್ಲಿ ವಾರ್ತಾಚಿತ್ರ ತೆಗೆಯುವ ಪುಟ್ಟ ಸ್ಟುಡಿಯೋ ಆಗಿ ಶುರುವಾಯಿತು. ಅರವತ್ತರ ದಶಕದ ಆರಂಭದಲ್ಲಿ ಲಾರಿಸಾ ಶೆಪಿತ್ಕೊ ಮಾಸ್ಕೋದಿಂದ ಬಂದು ‘ಬಿಸಿಲ ಝಳ’ ಎಂಬ ಚಿತ್ರ ತೆಗೆದರು. ಅದರ ಕಥೆ ಚಿಂಗಿಜ್ ಐತ್ಮಾತೊವ್ ಅವರದು. ನಾಯಕನಾಗಿ ನಟಿಸಿದವರು ಇದೇ ಶಂಶಿಯೆವ್. ಧ್ವನಿಗ್ರಹಣ ಮಾಡಿದವರು ತೊಲೊಮುಶ್ ಒಕೇಯೆವ್. ಮುಂದೆ ಇಬ್ಬರೂ ಕಿರ್ಗಿಜ್ ಸಿನಿಮಾದ ದೊಡ್ಡ ನಿರ್ದೇಶಕರಾದರು. 1965ರಲ್ಲಿ ಆಂದ್ರೆಯ್ ಕೊಂಚಲೋವ್‌ಸ್ಕಿ ಬಂದು ‘ಮೊದಲ ಗುರು’ ತೆಗೆದರು. ಅದರ ನಾಯಕ ಬೊಲೊತ್ ಬೇಶೆನಲಿಯೆವ್. ನಾಯಕಿ ನತಾಲ್ಯಾ ಅರಿನ್‌ಬಸಾರೊವಾ. ಮರುವರ್ಷ ವೆನಿಸ್‌ನಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಪಡೆದ ಆಕೆಯೂ ತರಬೇತಿಯಿಂದ ಬ್ಯಾಲೆ ನರ್ತಕಿ. ಸುಮಾರು 30 ಲಕ್ಷ ಜನರ ಆ ಪುಟ್ಟ ಗಣರಾಜ್ಯದಲ್ಲಿ ಒಬ್ಬರ ಕೆಲಸವನ್ನು ಇನ್ನೊಬ್ಬರು ಮಾಡುವುದು ಯಾರಿಗೂ ವಿಚಿತ್ರವಾಗಿ ಕಾಣುತ್ತಿರಲಿಲ್ಲ. ನಟನಾಗಿದ್ದ ಶಂಶಿಯೆವ್ ನಿರ್ದೇಶಕರಾದ ಮೇಲೆ ಚಿತ್ರಕಾರನೊಬ್ಬ ನಟನಾಗಬಾರದೇ?”

ಕಲಾವಿದೆ ಒಪ್ಪಿದರೂ ಮಾತನ್ನು ತಮ್ಮ ಕಡೆಗೆ ಎಳೆದುಕೊಂಡರು. ಶಂಶಿಯೆವ್ ಕಂಡುಕೊಂಡದ್ದು ಬರೀ ಚೆಂದದ ಮುಖವನ್ನಲ್ಲ ಎಂಬುದು ಅವರ ವಾದ.

“ರೇಪಿನ್ ಸಂಸ್ಥೆಯಂಥ ಕಡೆ ಏನು ಕಲಿಸುತ್ತಾರೆ ಗೊತ್ತೇ? ಮಾಡೆಲ್ ಎದುರಿಗೆ ಕೂರುತ್ತಾನೆ. ಒಂದೇ ಭಂಗಿ, ಗಂಟೆಗಟ್ಟಲೆ, ದಿನಗಟ್ಟಲೆ. ಮೊದಲು ಬುರುಡೆಯ ಆಕಾರ ಹಿಡಿಯಬೇಕು. ಆಮೇಲೆ ಕೆನ್ನೆಯ ಮೂಳೆ ಬೆಳಕಿಗೆ ಎಲ್ಲಿ ತಿರುಗುತ್ತದೆ, ಕಣ್ಣಿನ ಗುಳಿ ಎಲ್ಲಿ ಕತ್ತಲಾಗುತ್ತದೆ, ದವಡೆ ಬಿಗಿದಾಗ ಕಿವಿಯ ಕೆಳಗೆ ಏನಾಗುತ್ತದೆ, ಎಲ್ಲ ನೋಡಬೇಕು. ನಗು, ಸಿಟ್ಟು, ದುಃಖ ಇವೆಲ್ಲ ಕೊನೆಗೆ. ಮೂಳೆ ಸರಿಯಾಗಿ ಕೂತರೆ ಭಾವ ತಾನೇ ಬರುತ್ತದೆ. ಆರು ವರ್ಷ ಹೀಗೆ ಬೇರೆಯವರ ಮುಖ ನೋಡಿದವನಿಗೆ ತನ್ನ ಮುಖದ ಮೇಲೆ ಬೆಳಕು ಎಲ್ಲಿ ಬೀಳುತ್ತಿದೆ ಎಂದು ಕನ್ನಡಿಯಿಲ್ಲದೆ ತಿಳಿಯುತ್ತದೆ. ಚೋಕ್ಮೊರೊವ್ ಕ್ಯಾಮೆರಾದ ಮುಂದೆ ಹುಬ್ಬು ಹಾರಿಸುವುದಿಲ್ಲ, ತುಟಿ ನಡುಗಿಸುವುದಿಲ್ಲ. ತಲೆಯನ್ನು ಚೂರು ತಿರುಗಿಸುತ್ತಾರೆ, ಅಷ್ಟೇ. ಅಗಲ ಕೆನ್ನೆಯ ಅರ್ಧಕ್ಕೆ ನೆರಳು ಬೀಳುತ್ತದೆ. ಮಿಕ್ಕದ್ದು ನಮಗೆ ಅರ್ಥವಾಗುತ್ತದೆ.”

ವಿಮರ್ಶಕರು ಇದಕ್ಕೊಂದು ಪುರಾವೆ ಸೇರಿಸಿದರು. ಸೋವಿಯತ್ ಪದ್ಧತಿಯಲ್ಲಿ ಮಧ್ಯ ಏಷ್ಯಾದ ಚಿತ್ರಗಳಿಗೆ ರಷ್ಯನ್ ಆವೃತ್ತಿ ಬೇಕೇ ಬೇಕಿತ್ತು. ಅದರಲ್ಲಿ ಅನೇಕ ವೇಳೆ ಸ್ಥಳೀಯ ನಟರ ಬಾಯಿಗೆ ಬೇರೊಬ್ಬರ ದನಿ ಕೂಡಿಸಲಾಗುತ್ತಿತ್ತು. ದನಿಯನ್ನೇ ನೆಚ್ಚಿಕೊಂಡ ನಟನಿಗೆ ಅಲ್ಲಿ ನಷ್ಟ. ಮುಖವೂ ನಡಿಗೆಯೂ ಗಟ್ಟಿಯಾಗಿದ್ದವರು ಮಾತ್ರ ಯಾವ ಭಾಷೆಯಲ್ಲೂ ಉಳಿದರು.

“ಹಾಗಾದರೆ ಮೊದಲ ಚಿತ್ರವನ್ನೇ ತೆಗೆದುಕೊಳ್ಳಿ,” ಎಂದರು ಕಲಾವಿದೆ.

‘ಕರಾಶ್ ಕಣಿವೆಯ ಗುಂಡು’ ಕಜಾಕ್ ಲೇಖಕ ಮುಖ್ತಾರ್ ಔಯೆಜೊವ್ ಅವರ ನೀಳ್ಗತೆಯನ್ನು ಆಧರಿಸಿದ್ದು. ಕ್ರಾಂತಿಗೆ ಮುಂಚಿನ ಕಾಲ. ಬಖ್ತಿಗುಲ್ ಒಬ್ಬ ಬಡ ಕುದುರೆಗಾಹಿ. ಧಣಿಯ ಕಡೆಯವರ ಹೊಡೆತಕ್ಕೆ ಅವನ ತಮ್ಮ ಬಲಿಯಾಗುತ್ತಾನೆ. ನ್ಯಾಯ ಕೇಳಿದರೆ ಸಿಗುವುದಿಲ್ಲ. ಹೊಟ್ಟೆಪಾಡಿಗೂ ಸೇಡಿಗೂ ಕುದುರೆ ಕದಿಯುತ್ತಾನೆ. ಆಮೇಲೆ ಇನ್ನೊಬ್ಬ ಪ್ರಬಲನ ಆಶ್ರಯಕ್ಕೆ ಹೋಗುತ್ತಾನೆ. ಅವನ ಹೆಸರು ಜರಸ್ಬಾಯ್. ಅವನಿಗಾಗಿ ಲೂಟಿ ಮಾಡುತ್ತಾನೆ, ನಿಯತ್ತಿನಿಂದ ದುಡಿಯುತ್ತಾನೆ. ತನಗೆ ಅಪಾಯ ಬಂದಾಗ ಜರಸ್ಬಾಯ್ ಇವನನ್ನೇ ಬಲಿಕೊಡುತ್ತಾನೆ. ಕೊನೆಗೆ ಕರಾಶ್ ಕಣಿವೆಯ ಹಾದಿಯಲ್ಲಿ ಬಖ್ತಿಗುಲ್ ಕೋವಿ ಹಿಡಿದು ಕಾಯುತ್ತಾನೆ.

“ಅಲ್ಲಿ ನೋಡಿ,” ಎಂದರು ಆಕೆ. “ಈ ಕಥೆಯನ್ನು ಯಾವ ನಟನಿಗಾದರೂ ಕೊಡಿ, ಮೊದಲಿನಿಂದಲೇ ಉರಿಯುತ್ತಿರುತ್ತಾನೆ. ಚೋಕ್ಮೊರೊವ್ ಉರಿಯುವುದಿಲ್ಲ, ನಂಬುತ್ತಾರೆ. ಜರಸ್ಬಾಯ್ ಮಾತಾಡುವಾಗ ಆ ಮುಖದಲ್ಲಿರುವುದು ದೊಡ್ಡವರೊಬ್ಬರು ತನ್ನನ್ನು ಮನುಷ್ಯನೆಂದು ಕಂಡರಲ್ಲ ಎಂಬ ಕೃತಜ್ಞತೆ. ಆ ಕೃತಜ್ಞತೆಯನ್ನು ಅಷ್ಟು ಹೊತ್ತು ತೋರಿಸಿದ್ದರಿಂದಲೇ ಕೊನೆಯ ಗುಂಡಿಗೆ ಅಷ್ಟು ತೂಕ.”

ಅದೇ ಅವಧಿಯಲ್ಲಿ ಅವರು ‘ಜಮೀಲಾ’ ಚಿತ್ರದಲ್ಲೂ ಕಾಣಿಸಿಕೊಂಡರು. ಐತ್ಮಾತೊವ್ ಅವರ ಪ್ರಸಿದ್ಧ ಕಥೆಯನ್ನು ಇರೀನಾ ಪೊಪ್ಲಾವ್‌ಸ್ಕಯಾ ಮಾಸ್‌ಫಿಲ್ಮ್‌ಗಾಗಿ ತೆರೆಗೆ ತಂದ ಚಿತ್ರವದು. ಜಮೀಲಾ ಆಗಿ ಅರಿನ್‌ಬಸಾರೊವಾ, ದನಿಯಾರ್ ಆಗಿ ಚೋಕ್ಮೊರೊವ್. ಯುದ್ಧದಿಂದ ಕುಂಟುತ್ತ ಮರಳಿದ, ಹಿಂದೆ ಮುಂದೆ ಯಾರೂ ಇಲ್ಲದ ದನಿಯಾರ್ ಯಾರೊಂದಿಗೂ ಬೆರೆಯುವುದಿಲ್ಲ. ಧಾನ್ಯದ ಗಾಡಿ ಹೊಡೆದುಕೊಂಡು ಬರುವ ರಾತ್ರಿ ಅವನು ಹಾಡತೊಡಗುತ್ತಾನೆ. ಗಂಡ ಯುದ್ಧಕ್ಕೆ ಹೋಗಿರುವ ಜಮೀಲಾಳ ಬದುಕು ಆ ಹಾಡಿನಿಂದ ಬೇರೆ ದಾರಿ ಹಿಡಿಯುತ್ತದೆ. ಕಥೆ ಹೇಳುವವನು ಇಬ್ಬರನ್ನೂ ನೋಡುತ್ತ ಬೆಳೆದ ಹುಡುಗ, ಮುಂದೆ ಚಿತ್ರಕಾರನಾಗುವವನು.

“ಒಬ್ಬ ಚಿತ್ರಕಾರ ಹೇಳುವ ಕಥೆಯಲ್ಲಿ ಇನ್ನೊಬ್ಬ ಚಿತ್ರಕಾರ ನಟಿಸಿದಂತಾಯಿತು,” ಎಂದು ಕಲಾವಿದೆ ಉತ್ಸಾಹದಿಂದ ಹೇಳಿದರು. “ಬಖ್ತಿಗುಲ್, ದನಿಯಾರ್ ಇಬ್ಬರನ್ನೂ ಅಕ್ಕಪಕ್ಕ ಇಟ್ಟು ನೋಡಿ. ಒಬ್ಬ ಮಾತು ಕಳೆದುಕೊಂಡು ಕೋವಿ ಎತ್ತುತ್ತಾನೆ, ಇನ್ನೊಬ್ಬ ಮಾತು ಬಿಟ್ಟು ಹಾಡು ಎತ್ತುತ್ತಾನೆ. ಒಂದೇ ಮುಖ, ಎರಡು ಬಗೆಯ ಮೌನ.”

ವಿಮರ್ಶಕರಿಗೆ ಇಲ್ಲಿ ಒಂದು ತಕರಾರಿತ್ತು.

“ನೀವು ಹೇಳುವುದೆಲ್ಲ ಸರಿ. ಆದರೆ ಎಪ್ಪತ್ತರ ದಶಕದ ಪ್ರೇಕ್ಷಕ ಟಿಕೆಟ್ ಕೊಂಡದ್ದು ಮೌನ ನೋಡಲಿಕ್ಕಲ್ಲ. 1970ರಲ್ಲಿ ಉಜ್ಬೆಕ್ ನಿರ್ದೇಶಕ ಅಲಿ ಖಮ್ರಾಯೆವ್ ಅವರ ‘ವಿಶೇಷ ಕಮಿಸಾರ್’. 1972ರಲ್ಲಿ ಅವರದೇ ‘ಏಳನೆಯ ಗುಂಡು’. ಅದೇ ವರ್ಷ ಶಂಶಿಯೆವ್ ಅವರ ‘ಇಸಿಕ್‌ಕುಲ್‌ನ ಕೆಂಪು ಗಸಗಸೆ ಹೂಗಳು’. ಅಫೀಮು ಕಳ್ಳಸಾಗಣೆಯ ಕಥೆ. ಕುದುರೆ, ಕೋವಿ, ಬೆಟ್ಟ, ಬೆನ್ನಟ್ಟುವಿಕೆ. ಹಾಲಿವುಡ್‌ನ ವೆಸ್ಟರ್ನ್‌ಗೆ ಸೋವಿಯತ್ ಪೂರ್ವದ ಉತ್ತರ ಇವು. ಮಧ್ಯ ಏಷ್ಯಾ ಅಂದರೆ ಕುದುರೆ ಮೇಲಿನ ಬಂದೂಕುಧಾರಿ ಎಂಬ ಅಚ್ಚು ಬಿದ್ದದ್ದೇ ಈ ಚಿತ್ರಗಳಿಂದ. ಚೋಕ್ಮೊರೊವ್ ಆ ಅಚ್ಚಿಗೆ ಸಿಕ್ಕಿಹಾಕಿಕೊಂಡರು ಎಂದು ನನಗೆ ಅನ್ನಿಸುತ್ತದೆ.”

“‘ಏಳನೆಯ ಗುಂಡು’ ಚಿತ್ರದ ಹೂರಣ ಏನು, ನೀವೇ ಹೇಳಿ.”

“1920ರ ದಶಕದ ಅಂತರ್ಯುದ್ಧ. ಮಕ್ಸುಮೊವ್ ಎಂಬ ಕೆಂಪು ಕಮಾಂಡರ್. ಅವನ ದಳದ ಬಹುತೇಕರು ಸೋವಿಯತ್ ಆಡಳಿತದ ವಿರುದ್ಧ ಬಂಡೆದ್ದ ಬಸ್ಮಾಚಿಗಳ ನಾಯಕ ಖೈರುಲ್ಲಾನ ಕಡೆಗೆ ಹೋಗಿಬಿಟ್ಟಿದ್ದಾರೆ. ಕಮಾಂಡರ್ ಏನು ಮಾಡುತ್ತಾನೆ? ತಾನಾಗಿ ಶತ್ರುವಿಗೆ ಸೆರೆ ಸಿಗುತ್ತಾನೆ. ಸೆರೆಯಾಳಾಗಿ ಹೋದರೆ ತನ್ನ ಹಳೆಯ ಸಿಪಾಯಿಗಳನ್ನು ತಲುಪಬಹುದು, ಅವರೊಂದಿಗೆ ಮಾತಾಡಬಹುದು ಎಂಬುದು ಲೆಕ್ಕ.”

“ಅಂದರೆ ಸಾಹಸಚಿತ್ರದ ನಾಯಕ ಬಹಳ ಹೊತ್ತು ಸೆರೆಯಲ್ಲಿರುತ್ತಾನೆ! ನೋಡಿಸಿಕೊಳ್ಳುತ್ತಾನೆ, ನೋಡುತ್ತಾನೆ. ಹೊಡೆದಾಟದವನನ್ನು ಆ ಪಾತ್ರಕ್ಕೆ ಹಾಕಿದ್ದರೆ ಚಿತ್ರ ಕುಸಿಯುತ್ತಿತ್ತು. ಕೊಂಚಲೋವ್‌ಸ್ಕಿ ಮತ್ತು ಗೊರೆನ್‌ಷ್ಟೈನ್ ಬರೆದ ಆ ಚಿತ್ರಕಥೆಗೆ ಬೇಕಿದ್ದದ್ದು ಸುಮ್ಮನಿದ್ದೂ ತೆರೆ ತುಂಬುವವನು. ಅಚ್ಚು ಇತ್ತು ನಿಜ. ಇವರು ಅದರೊಳಗೇ ಬೇರೇನೋ ಬರೆದರು.”

ವಿಮರ್ಶಕರು ಅಷ್ಟಕ್ಕೆ ಸೋಲಲಿಲ್ಲ. ಆದರೆ ತಾವೇ ಇನ್ನೊಂದು ಚಿತ್ರ ನೆನಪಿಸಿದರು. 1973ರಲ್ಲಿ ಒಕೇಯೆವ್ ಕಜಾಕ್‌ಫಿಲ್ಮ್‌ಗಾಗಿ ಮಾಡಿದ ‘ಲ್ಯೂತಿ’ ಅದು. ಮೂಲ ಮತ್ತೆ ಔಯೆಜೊವ್. ಕುರ್ಮಶ್ ಎಂಬ ಅನಾಥ ಹುಡುಗ ಕೊಕ್ಸೆರೆಕ್ ಎಂಬ ತೋಳದ ಮರಿಯನ್ನು ಸಾಕುವ ಕಥೆ. ಚೋಕ್ಮೊರೊವ್ ಇಲ್ಲಿ ಹುಡುಗನ ಚಿಕ್ಕಪ್ಪ ಅಖಂಗುಲ್. ಕಠೋರ ಮನುಷ್ಯ. ಬಲವಿದ್ದವನೇ ಬದುಕುತ್ತಾನೆ, ಕರುಣೆ ಕೆಲಸಕ್ಕೆ ಬಾರದು ಎಂದು ಹುಡುಗನಿಗೆ ಕಲಿಸುವವನು. ಹುಡುಗ ತೋಳಕ್ಕೆ ಪ್ರೀತಿ ಕೊಡುತ್ತಾನೆ; ಸುತ್ತಲಿನ ದೊಡ್ಡವರು ಅದಕ್ಕೆ ಕ್ರೌರ್ಯ ಕೊಡುತ್ತಾರೆ. ಬೆಳೆದ ತೋಳ ಎರಡನ್ನೂ ಕಲಿತಿರುತ್ತದೆ. ಹಿಂದಿನ ವರ್ಷವಷ್ಟೇ ಜನಪ್ರಿಯ ನಾಯಕನಾಗಿ ಮೆರೆದ ನಟ, ಮಗುವಿನ ಮೃದುತನವನ್ನು ಹೊಸಕಿಹಾಕುವ ಚಿಕ್ಕಪ್ಪನಾಗಲು ಒಪ್ಪಿಕೊಂಡದ್ದು ಸಣ್ಣ ವಿಷಯವಲ್ಲ ಎಂಬಲ್ಲಿ ಇಬ್ಬರೂ ಒಂದಾದರು.

ಮಾತು ಕುರೊಸಾವಾ ಕಡೆ ಹೊರಳಿತು. 1970ರ ಚಿತ್ರದ ಸೋಲಿನ ನಂತರ ಜಪಾನಿನಲ್ಲಿ ಹಣ ಹುಟ್ಟದೆ ಕಂಗೆಟ್ಟಿದ್ದ ಅಕಿರಾ ಕುರೊಸಾವಾ, ಮಾಸ್‌ಫಿಲ್ಮ್ ಆಹ್ವಾನದ ಮೇಲೆ ‘ದೆರ್ಸು ಉಜಾಲಾ’ ಮಾಡಿದರು. ಚಿತ್ರ 1975ರಲ್ಲಿ ಮಾಸ್ಕೋ ಉತ್ಸವದಲ್ಲಿ ಗೆದ್ದು, ಮರುವರ್ಷ ವಿದೇಶಿ ಭಾಷಾ ಚಿತ್ರದ ಆಸ್ಕರ್ ಪಡೆಯಿತು. ತೂವಾ ನಟ ಮಕ್ಸಿಮ್ ಮುಂಜುಕ್ ದೆರ್ಸು ಆದರು, ಯೂರಿ ಸೊಲೊಮಿನ್ ಅನ್ವೇಷಕ ಆರ್ಸೆನ್ಯೆವ್ ಆದರು. ದರೋಡೆಕೋರರನ್ನು ಬೆನ್ನಟ್ಟುವ ಚೀನೀ ನಾಯಕ ಜಾನ್ ಬಾವೊ ಪಾತ್ರ ಚೋಕ್ಮೊರೊವ್‌ಗೆ ಬಂತು.

“ಸಣ್ಣ ಪಾತ್ರ,” ಎಂದರು ವಿಮರ್ಶಕರು. “ಆದರೆ ಹೊರಜಗತ್ತಿನ ಹೆಚ್ಚಿನವರು ಅವರನ್ನು ಕಂಡದ್ದು ಅಷ್ಟೇ. ಇದು ನನಗೆ ನೋವಿನ ಸಂಗತಿ. ಕುರೊಸಾವಾ ಕೂಡ ಚಿತ್ರ ಬಿಡಿಸಿ ಬೆಳೆದ ಮನುಷ್ಯ; ಚಿತ್ರಕಾರನಾಗಲು ಹೊರಟು ಸಿನಿಮಾಕ್ಕೆ ಬಂದವರು. ಅಂಥವರ ಎದುರು ಅಂಥ ನಟ ನಿಂತಾಗಲೂ ಸಿಕ್ಕಿದ್ದು ಬೆರಳೆಣಿಕೆಯ ದೃಶ್ಯ.”

“ಅದೇ ವರ್ಷದ ‘ಕೆಂಪು ಸೇಬು’ ಇದೆಯಲ್ಲ!” ಎಂದು ಕಲಾವಿದೆ ತಡೆದರು. “ಅವರನ್ನು ನೋಡಬೇಕಾದ್ದು ಅಲ್ಲಿ.”

ಐತ್ಮಾತೊವ್ ಅವರ ಕಥೆಯನ್ನು ಒಕೇಯೆವ್ ತೆರೆಗೆ ತಂದ ಚಿತ್ರ ಅದು. ಇಲ್ಲಿ ಕುದುರೆಯಿಲ್ಲ, ಬೆನ್ನಟ್ಟುವಿಕೆಯಿಲ್ಲ. ತೆಮಿರ್ ಎಂಬ ನಗರವಾಸಿ ಚಿತ್ರಕಾರ, ಅವನಿಂದ ದೂರವಾಗುತ್ತಿರುವ ಹೆಂಡತಿ, ಇಬ್ಬರ ನಡುವೆ ಪುಟ್ಟ ಮಗಳು ಅನಾರಾ. ಹರೆಯದಲ್ಲಿ ಹೆಸರೂ ತಿಳಿಯದ ಹುಡುಗಿಯೊಬ್ಬಳಿಗೆ ಕೊಡಲು ಹೋಗಿದ್ದ ಒಂದು ಕೆಂಪು ಸೇಬಿನ ನೆನಪು ಅವನನ್ನು ಬಿಡುವುದಿಲ್ಲ. ಚಿತ್ರಕಾರನೇ ಚಿತ್ರಕಾರನ ಪಾತ್ರ ಮಾಡಿದ ಕಾರಣ ಕುಂಚ ಹಿಡಿಯುವ ರೀತಿ, ಕ್ಯಾನ್‌ವಾಸಿನಿಂದ ಹಿಂದೆ ಸರಿದು ನೋಡುವ ರೀತಿ, ಇವುಗಳಲ್ಲಿ ಎಲ್ಲೂ ಸುಳ್ಳಿಲ್ಲ ಎಂದು ಆಕೆ ಒತ್ತಿ ಹೇಳಿದರು. ಸಿನಿಮಾದಲ್ಲಿ ಚಿತ್ರಕಾರರೆಂದರೆ ಗಾಳಿಯಲ್ಲಿ ಕುಂಚ ಬೀಸುವವರು; ಈ ತೆಮಿರ್ ಕೆಲಸಕ್ಕೆ ನಿಂತವನ ಹಾಗೆ ದಣಿಯುತ್ತಾನೆ.

1977ರ ‘ಉಲಾನ್’ ಬಗ್ಗೆ ಇಬ್ಬರಲ್ಲೂ ಎರಡು ಮಾತಿರಲಿಲ್ಲ. ನಿರ್ದೇಶಕ ಮತ್ತೆ ಒಕೇಯೆವ್. ಅಜಾತ್ ಎಂಬವನು ಯಾವ ಕೊರತೆಯೂ ಇಲ್ಲದ ಸಮಕಾಲೀನ ಮನುಷ್ಯ. ಕುಡಿತ ಅವನನ್ನು ಹಂತ ಹಂತವಾಗಿ ತಿನ್ನುತ್ತದೆ. ಶತ್ರು ಎಂದು ಬೊಟ್ಟು ಮಾಡಲು ಚಿತ್ರದಲ್ಲಿ ಬಸ್ಮಾಚಿಯೂ ಇಲ್ಲ, ಧಣಿಯೂ ಇಲ್ಲ. ಕರಾಶ್ ಕಣಿವೆಯಲ್ಲಿ, ಇಸಿಕ್‌ಕುಲ್ ಸರೋವರದ ದಂಡೆಯಲ್ಲಿ ಯಾರ ಮೈಕಟ್ಟು ನೋಡಿ ಜನ ಹೆಮ್ಮೆಪಟ್ಟಿದ್ದರೋ ಅದೇ ಮನುಷ್ಯ ತೆರೆಯ ಮೇಲೆ ತೊದಲುತ್ತಾನೆ, ಮುಗ್ಗರಿಸುತ್ತಾನೆ.

“ಈ ಪಾತ್ರಗಳನ್ನು ಬಿಡುಗಡೆಯ ವರ್ಷದ ಪ್ರಕಾರ ನೋಡಬೇಡಿ,” ಎಂದರು ವಿಮರ್ಶಕರು. “ಕಥೆ ನಡೆಯುವ ಕಾಲದ ಪ್ರಕಾರ ಜೋಡಿಸಿ. ತ್ಸಾರ್ ಕಾಲದ ಬಡ ಕುದುರೆಗಾಹಿ ಬಖ್ತಿಗುಲ್. ಇಪ್ಪತ್ತರ ದಶಕದ ಮಕ್ಸುಮೊವ್. ಎರಡನೇ ಮಹಾಯುದ್ಧದ ದನಿಯಾರ್. 1979ರಲ್ಲಿ ಶಂಶಿಯೆವ್ ಮಾಡಿದ ‘ಬೇಗ ಬಂದ ಕೊಕ್ಕರೆಗಳು’ ಕೂಡ ಅದೇ ಯುದ್ಧದ್ದು. ಗಂಡಸರೆಲ್ಲ ರಣರಂಗಕ್ಕೆ ಹೋದಾಗ ಶಾಲೆಯ ಹುಡುಗರು ನೇಗಿಲು ಹಿಡಿಯುವ ಕಥೆ, ಅದರಲ್ಲೂ ಚೋಕ್ಮೊರೊವ್ ಇದ್ದಾರೆ. ಆಮೇಲೆ ಫ್ಲಾಟಿನಲ್ಲಿ ಬದುಕುವ ತೆಮಿರ್, ಬಾಟಲಿ ಹಿಡಿದ ಅಜಾತ್. ಕಿರ್ಗಿಜ್ ಜನರ ಇಪ್ಪತ್ತನೇ ಶತಮಾನ ಹೆಚ್ಚುಕಡಿಮೆ ಪೂರ್ತಿ ಒಬ್ಬನ ಮೈಮೇಲೆ ಹಾದುಹೋಗಿದೆ. ನೋಟಿನ ಮೇಲೆ ಆ ಮುಖ ಬಂದದ್ದಕ್ಕೆ ನನಗೆ ತೋಚುವ ಕಾರಣ ಇದು. ಅದೇ ಸರಣಿಯ 500 ಸೋಮ್ ನೋಟಿನಲ್ಲಿ ‘ಮನಾಸ್’ ಮಹಾಕಾವ್ಯ ಹಾಡಿದ ಸಯಕ್‌ಬಾಯ್ ಕರಲಾಯೆವ್ ಇದ್ದಾರೆ. ಒಬ್ಬರು ಜನರ ಕಥೆಯನ್ನು ಬಾಯಲ್ಲಿ ಹೊತ್ತವರು, ಇನ್ನೊಬ್ಬರು ಮುಖದಲ್ಲಿ.”

ಕಲಾವಿದೆ ಸ್ವಲ್ಪ ಹೊತ್ತು ಯೋಚಿಸಿ, “ನೀವು ಆ ಶತಮಾನದ ಒಂದು ಅಧ್ಯಾಯ ಬಿಟ್ಟಿರಿ. ಅವರು ಹುಟ್ಟಿದ ಊರಿನದು,” ಎಂದರು.

ಚೋನ್-ತಾಶ್ ಬಳಿ 1938ರಲ್ಲಿ ನಡೆದದ್ದು ಈಗ ಎಲ್ಲರಿಗೂ ಗೊತ್ತು. ಸ್ಟಾಲಿನ್ ಆಳ್ವಿಕೆಯಲ್ಲಿ ಗುಂಡಿಕ್ಕಿ ಕೊಂದ ನೂರಕ್ಕೂ ಹೆಚ್ಚು ಜನರನ್ನು ಅಲ್ಲಿನ ಹಳೆಯ ಇಟ್ಟಿಗೆ ಗೂಡಿನಲ್ಲಿ ಗುಟ್ಟಾಗಿ ಹೂತರು. ಗಣರಾಜ್ಯವನ್ನು ಕಟ್ಟಿದ ನಾಯಕರು, ಬರಹಗಾರರು, ವಿದ್ವಾಂಸರು ಅವರಲ್ಲಿದ್ದರು. ಚಿಂಗಿಜ್ ಐತ್ಮಾತೊವ್ ಅವರ ತಂದೆ ತೊರೆಕುಲ್ ಕೂಡ ಇದ್ದರು. ಅಲ್ಲಿನ ಕಾವಲುಗಾರ ಸಾಯುವ ಮುನ್ನ ಮಗಳಿಗೆ ಈ ಗುಟ್ಟು ಹೇಳಿದ್ದ. ಅವಳು ಅದನ್ನು ದಶಕಗಳ ಕಾಲ ಎದೆಯಲ್ಲಿಟ್ಟುಕೊಂಡಿದ್ದಳು. 1991ರಲ್ಲಿ ನೆಲ ಅಗೆದರು. ಅವಶೇಷಗಳಿಗೆ ಗೌರವದ ಮಣ್ಣು ಸಿಕ್ಕಿತು. ಆ ಸ್ಥಳವೇ ಇಂದಿನ ಅತಾ-ಬೇಯಿತ್ ಸ್ಮಾರಕ. 2008ರಲ್ಲಿ ತೀರಿಕೊಂಡ ಐತ್ಮಾತೊವ್ ಅವರನ್ನೂ ಅಲ್ಲೇ ಮಣ್ಣುಮಾಡಿದರು.

“ಆ ಹತ್ಯೆಯ ಮರುವರ್ಷ ಅದೇ ಊರಿನಲ್ಲಿ ಒಂದು ಮಗು ಹುಟ್ಟುತ್ತದೆ,” ಎಂದರು ಆಕೆ. “ಬೆಳೆದು, ಅಲ್ಲಿ ಮಣ್ಣಾದವರ ಮಗ ಬರೆದ ಕಥೆಗಳಿಗೆ ಮುಖವಾಗುತ್ತದೆ. ದನಿಯಾರ್ ಆಗುವಾಗ, ತೆಮಿರ್ ಆಗುವಾಗ ನಟನಿಗೂ ಗೊತ್ತಿಲ್ಲ, ಕಥೆಗಾರನಿಗೂ ಗೊತ್ತಿಲ್ಲ. ಐತ್ಮಾತೊವ್ ತಮ್ಮ ತಂದೆಯ ಸಮಾಧಿ ಎಲ್ಲಿದೆ ಎಂದು ಕೇಳುತ್ತಲೇ ಬರೆದವರು. ಅದು ತನ್ನ ನಟನ ಊರಲ್ಲೇ ಇತ್ತು.”

ವಿಮರ್ಶಕರು ಇದಕ್ಕೆ ಏನನ್ನೂ ಸೇರಿಸಲಿಲ್ಲ. ಉಳಿದ ವಿವರಗಳನ್ನಷ್ಟೇ ಕೊಟ್ಟರು. 1981ರಲ್ಲಿ ಚೋಕ್ಮೊರೊವ್‌ಗೆ ಸೋವಿಯತ್ ಒಕ್ಕೂಟದ ಜನತಾ ಕಲಾವಿದ ಎಂಬ ಬಿರುದು ಬಂತು. ಒಬ್ಬ ನಟನಿಗೆ ಆ ದೇಶ ಕೊಡುತ್ತಿದ್ದ ಅತ್ಯುನ್ನತ ಗೌರವ ಅದು. ಅವರು ಕುಂಚವನ್ನು ಕೊನೆಯವರೆಗೂ ಬಿಡಲಿಲ್ಲ. 1991ರ ಆಗಸ್ಟ್‌ನಲ್ಲಿ ದೇಶ ಸ್ವತಂತ್ರವಾಯಿತು. 1992ರ ಸೆಪ್ಟೆಂಬರ್ 26ರಂದು ಬಿಷ್ಕೆಕ್‌ನಲ್ಲಿ ಅವರು ತೀರಿಕೊಂಡರು. ವಯಸ್ಸು 52. ಸೋಮ್ ಎಂಬ ಕರೆನ್ಸಿ ಬಳಕೆಗೆ ಬಂದದ್ದೇ 1993ರ ಮೇ ತಿಂಗಳಲ್ಲಿ.

“ಅವರ ನಂತರ?” ಎಂದು ಕಲಾವಿದೆ ಕೇಳಿದರು. “ಸ್ಟುಡಿಯೋ ಬಡವಾಯಿತು, ಮಾಸ್ಕೋದ ಹಣ ನಿಂತಿತು, ಅದೆಲ್ಲ ಓದಿದ್ದೇನೆ. ಆ ಬಗೆಯ ನಟನೆ ಅಲ್ಲಿಗೇ ನಿಂತಿತೇ?”

“ಇಲ್ಲ. ಅಕ್ತಾನ್ ಅರಿಮ್ ಕುಬತ್ ಇದ್ದಾರೆ. ಮೊದಲು ಅಬ್ದಿಕಲಿಕೊವ್ ಎಂದು ಬರೆದುಕೊಳ್ಳುತ್ತಿದ್ದರು. 1957ರಲ್ಲಿ ಹುಟ್ಟಿದವರು. ಅವರೂ ಫ್ರುಂಜೆಯ ಕಲಾಶಾಲೆಯಿಂದ ಬಂದವರು, ಸ್ಟುಡಿಯೋದಲ್ಲಿ ಕಲಾನಿರ್ದೇಶಕರಾಗಿದ್ದರು. 1998ರಲ್ಲಿ ಅವರ ‘ಬೇಶ್‌ಕೆಂಪಿರ್’ ಲೊಕಾರ್ನೊದಲ್ಲಿ ರಜತ ಚಿರತೆ ಗೆದ್ದಿತು. 2010ರ ‘ಸ್ವೆತ್-ಅಕೆ’ ಚಿತ್ರದಲ್ಲಿ ನಿರ್ದೇಶನದ ಜೊತೆಗೆ ನಾಯಕನ ಪಾತ್ರವನ್ನೂ ತಾವೇ ಮಾಡಿದರು. ಬಡವರ ಮನೆಯ ಮೀಟರ್ ಹಿಂದಕ್ಕೆ ತಿರುಗಿಸಿಕೊಡುವ ಹಳ್ಳಿಯ ವಿದ್ಯುತ್ ಕೆಲಸಗಾರ. 2017ರ ‘ಸೆಂಟಾರ್’ನಲ್ಲೂ ಅವರೇ ನಾಯಕ. ಹಿಂದೆ ಸಿನಿಮಾ ಪ್ರೊಜೆಕ್ಟರ್ ಓಡಿಸುತ್ತಿದ್ದವನು, ರಾತ್ರಿ ಹೊತ್ತು ಶ್ರೀಮಂತರ ಪಂದ್ಯದ ಕುದುರೆಗಳನ್ನು ಕದಿಯುತ್ತಾನೆ. ಮಾರುವುದಕ್ಕಲ್ಲ, ಒಂದಷ್ಟು ದೂರ ಓಡಿಸುವುದಕ್ಕೆ.”

“ಮತ್ತೆ ಕುದುರೆ ಕಳ್ಳ. ಬಖ್ತಿಗುಲ್‌ಗೆ ಅರ್ಧ ಶತಮಾನ ಆದ ಮೇಲೆ. ಮತ್ತೆ ಚಿತ್ರಕಾರನೇ ಆ ಪಾತ್ರ ಮಾಡಿದ್ದು.”

“ವ್ಯತ್ಯಾಸವೂ ಇದೆ. ಬಖ್ತಿಗುಲ್ ಸೇಡಿಗೂ ಹಸಿವಿಗೂ ಕದ್ದ. ಅವನಿಗೆ ಎದುರಾಳಿ ಯಾರೆಂದು ಗೊತ್ತಿತ್ತು, ಆದ್ದರಿಂದ ಗುಂಡು ಹಾರಿಸಬಲ್ಲವನಾದ. ಸೆಂಟಾರ್‌ನ ಕೈಯಲ್ಲಿ ಆಯುಧವೇ ಇಲ್ಲ. ಚೋಕ್ಮೊರೊವ್ ಮುಖದಲ್ಲಿದ್ದ ಬಿಗುವು ಅರಿಮ್ ಕುಬತ್ ಮುಖದಲ್ಲಿಲ್ಲ; ಅಲ್ಲಿ ಒಂದು ಪೆಚ್ಚು ನಗುವಿದೆ.”

ಆ ಪೆಚ್ಚು ನಗುವೂ ಬಖ್ತಿಗುಲ್‌ನ ಕೃತಜ್ಞತೆಯ ಮುಂದುವರಿಕೆ ಎಂದು ಕಲಾವಿದೆ ವಾದಿಸಿದರು. ವಿಮರ್ಶಕರು ಒಪ್ಪಲಿಲ್ಲ. ಎರಡೂ ಚಿತ್ರಗಳನ್ನು ಒಂದೇ ಸಂಜೆ, ‘ಕರಾಶ್ ಕಣಿವೆಯ ಗುಂಡು’ ಮೊದಲು, ‘ಸೆಂಟಾರ್’ ಆಮೇಲೆ, ಒಟ್ಟಿಗೆ ಕೂತು ನೋಡುವುದೆಂದು ತೀರ್ಮಾನವಾಯಿತು. ಎರಡರ ನಡುವೆ ‘ಉಲಾನ್’ ಕೂಡ ಇರಲಿ ಎಂದು ಆಕೆ ಪಟ್ಟುಹಿಡಿದರು.